ಗೋಡೆಯ ರೇನ್‌ಕೋಟ್ ಬಿಚ್ಚಿದ ಗೌಂಡಿ ಕಾಕಾ

ಮೊನ್ನೆ ಮೂಡಲಗಿಯ ಬೀಗರ ಮನೆಯಲ್ಲಿ ಮದುವೆಗೆಂದು ಸುಣ್ಣ ಹಚ್ಚಿಸುತ್ತಿದ್ದರು. ಪಡಸಾಲೆಯಲ್ಲಿ ಚಹಾ ಕುಡಿಯುತ್ತ ಕುಳಿತಿದ್ದೆ. ನೀರು ಬಿದ್ದು ಕೊತಕೊತ ಅರಳುತ್ತಿದ್ದ ಹರಳುಸುಣ್ಣದ ಬಿಸಿ ವಾಸನೆ ಬಂತು. ಅಷ್ಟೇ. ಕಲ್ಲುಗೋಡೆ ಕಟ್ಟುತ್ತಿದ್ದ ನಾಗನೂರಿನ ಗೌಂಡಿ ಕಾಕಾ ಬಂದು ಬಾಜೂಕ್ಕೆ ಕುಳಿತಂತಾಯಿತು…

ಗೋಕಾಕದ ಪೇಟೆಯಲ್ಲಿ ನನ್ನ ಬಟ್ಟೆ ಅಂಗಡಿ ಇರುವ ಕಟ್ಟಡದ ವಯಸ್ಸು ಯಾರಿಗೂ ಸರಿಯಾಗಿ ಗೊತ್ತಿಲ್ಲ. ನನ್ನ ಅಜ್ಜ ಬಾಡಿಗೆಗೆ ಬಂದಾಗಲೇ ಅದನ್ನು ಹಳೇ ಕಟ್ಟಡ ಎನ್ನುತ್ತಿದ್ದರಂತೆ. ಕೆಳಗೆ ನಾಲ್ಕು ಅಂಗಡಿ, ಮೇಲೆ ವಕೀಲರ ಕೋಣೆಗಳು, ಎರಡು ಮೊಳ ದಪ್ಪದ ಕಲ್ಲಿನ ಗೋಡೆ. ಕಲ್ಲೋಳಿ ಕಡೆಯ ಬೆಲ್ಲದ ಗಾಡಿಗಳು ಅದರ ಮುಂದೆಯೇ ನಿಲ್ಲುತ್ತಿದ್ದವು. ಎತ್ತು ಹೂಡಿ ಸುಣ್ಣ ಅರೆದು, ಬೆಲ್ಲದ ನೀರು ಬೆರೆಸಿ ಆ ಗೋಡೆ ಎಬ್ಬಿಸಿದವರಲ್ಲಿ ಕಾಕಾನ ಮುತ್ತಜ್ಜನೂ ಒಬ್ಬರು.

ಅಂಥ ಗೋಡೆಗೆ ನಾವು ಅಂಗಡಿಯವರು ಸಿಮೆಂಟ್ ಮೆತ್ತಿಸಿ ಗುಲಾಬಿ ಬಣ್ಣ ಬಳಿಸಿದೆವು. ಮುಂದೆ ನಿಂತು ಮಾಡಿಸಿದವನು ನಾನೇ. ಅದೇ ವಾರ ಧೋತರ ಕೊಳ್ಳಲು ಬಂದ ಕಾಕಾ, ಗೋಡೆಯನ್ನು ಬೆರಳಿನಿಂದ ಬಡಿದು ನೋಡಿ ಮುಖ ಕಿವುಚಿದರು.

“ಸಾವಕಾರ್ರ, ಗ್ವಾಡಿಗೆ ರೇನ್‌ಕೋಟ್ ತೊಡಿಸೀರಲ್ರಿ! ಒಳಗಿನ ಬೆವರು ಎಲ್ಲಿ ಹೋಗಬೇಕು?”

“ಗ್ವಾಡಿಗೆ ಎಲ್ಲೀ ಬೆವರು, ಕಾಕಾ? ಕೆಲಸ ನಿಮಗ ಕೊಡಲಿಲ್ಲಂತ ಸಿಟ್ಟು ನಿಮಗ,” ಎಂದು ನಾನು ನಕ್ಕೆ. ಕಾಕಾ ನಗಲಿಲ್ಲ.

ಎರಡನೆಯ ಮಳೆಗಾಲಕ್ಕೆ ಘಟಪ್ರಭೆ ಪೇಟೆಗೆ ನುಗ್ಗಿ, ಅಂಗಡಿಯಲ್ಲಿ ಎದೆಮಟ್ಟ ನಿಂತು ಹೋಯಿತು. ಹಿಂದೆಯೂ ಹೊಳೆ ಬಂದಿದ್ದುಂಟು. ಆಗೆಲ್ಲ ಗೋಡೆ ನೀರು ಕುಡಿದು ತಾನೇ ಒಣಗುತ್ತಿತ್ತು. ಈ ಸಲ ತೇವಕ್ಕೆ ಹೊರಬರಲು ದಾರಿಯಿರಲಿಲ್ಲ. ಸಿಮೆಂಟ್ ಹೊಟ್ಟೆ ಉಬ್ಬಿಸಿ ಉದ್ದುದ್ದ ಬಿರಿಯಿತು. ಗೋಡೆಯೇ ಬೀಳುತ್ತದೆಂದು ಎಲ್ಲರೂ ತಿಳಿದರು. ನೋಡಲು ಬಂದ ಇಂಜಿನಿಯರ್ ಸಾಹೇಬರು, ಎಂಟು ದಿನದಲ್ಲಿ ಕೆಡವಬೇಕೆಂದು ಬಾಗಿಲಿಗೆ ನೋಟಿಸ್ ಅಂಟಿಸಿಯೇ ಹೋದರು. ಮೂರು ತಲೆಮಾರಿನ ಅಂಗಡಿ, ನನ್ನ ಕೈಯಾರೆ… ನಾಚಿಕೆ ಬಿಟ್ಟು ನಾಗನೂರಿಗೆ, ಕಾಕಾನ ಮನೆಗೆ ಹೋದೆ.

“ಏನ್ರಿ ಸಾವಕಾರ್ರ, ಗ್ವಾಡಿ ಬೆವರಿತೇನು?” ಎಂದರು. ನಾನು ತಲೆ ತಗ್ಗಿಸಿದೆ. ಕಾಕಾ ಉಳಿ ಸುತ್ತಿಗೆಯ ಚೀಲ ಹೆಗಲಿಗೇರಿಸಿ ನನ್ನ ಗಾಡಿಯ ಹಿಂದೆ ಕುಳಿತರು.

ಸಾಹೇಬರನ್ನೂ ಕೈಮುಗಿದು ಕರೆಸಿದ್ದೆ. ಅವರ ಕಣ್ಣೆದುರೇ ಕಾಕಾ ಸಿಮೆಂಟ್ ಎಬ್ಬಿಸಿದರು. ಹಲಗೆ ಹಲಗೆಯಾಗಿ ಅದು ಕೆಳಗೆ ಬಿದ್ದಂತೆ ಒಳಗಿನ ಕಲ್ಲು ಕಂಡಿತು. ಒದ್ದೆಯಾಗಿತ್ತು, ಆದರೆ ಒಂದೂ ಕದಲಿರಲಿಲ್ಲ. ಆಮೇಲೆ ಗೋಡೆ ವಾಲಿದೆಯೇ ನೋಡಲು ಮಾಳಿಗೆಯ ಕಿಟಕಿಯಿಂದ ಗುಂಡು ಕಟ್ಟಿದ ದಾರ ಇಳಿಬಿಟ್ಟರು. ಮೇಲೆ ದಾರಕ್ಕೂ ಗೋಡೆಗೂ ಎರಡು ಬೆರಳು ಅಂತರ. ಸಾಹೇಬರು ತಾವೇ ಬಗ್ಗಿ ಅಳೆದರು. ಕೆಳಗೂ ಎರಡೇ ಬೆರಳು!

“ನೋಡ್ರಿ ಸಾಹೇಬ್ರ, ಗ್ವಾಡಿ ನೆಟ್ಟಗ ಐತಿ. ನೀವು ಹಚ್ಚಿದ ಕಾಗದನ ಸೊಟ್ಟ ಆಗೇತಿ!” ಮಾಳಿಗೆಯಿಂದಲೇ ಕಾಕಾ ಕೂಗಿದರು.

ನೆರೆದ ಪೇಟೆಯೆಲ್ಲ ಗೊಳ್ಳೆಂದಿತು. ಸಾಹೇಬರೂ ನಕ್ಕುಬಿಟ್ಟರು. ತಿಂಗಳೊಳಗೆ ದುರಸ್ತಿಯಾದರೆ ನೋಟಿಸ್ ರದ್ದು ಎಂದು ಬರೆದುಕೊಟ್ಟರು.

ಕಾಕಾ ಒಂದು ಷರತ್ತು ಹಾಕಿದರು. ಕೆಡಿಸಿದವರೇ ಕೈಹಚ್ಚಬೇಕು. ಸುಣ್ಣ ಅರೆಯುವುದು, ಕಲ್ಲಿನ ಸಂದು ತುಂಬುವುದು ನಾಲ್ಕೂ ಅಂಗಡಿಯವರ ಪಾಲಿಗೆ ಬಂತು. “ಅರಿವಿ ಹರದಂಗಲ್ರಿ ಇದು, ಮೆಲ್ಲಕ ಒತ್ರಿ,” ಎಂದು ಬಟ್ಟೆ ಹರಿದು ಮಾರುವ ನನ್ನನ್ನು ದಿನವೂ ಕಾಡಿದರು. ಸುಣ್ಣಕ್ಕೆ ಅಂಗೈ ಸುಲಿಯಿತು. ಆದರೆ ಕೆಲಸ ಕೈಗೆ ಬಂತು, ತಿಂಗಳೊಳಗೆ ನೋಟಿಸೂ ರದ್ದಾಯಿತು.

ಆಮೇಲೆ ಪೇಟೆಯಲ್ಲಿ ಎಷ್ಟೋ ಕಾಂಪ್ಲೆಕ್ಸ್ ಎದ್ದವು. ಹೊಳೆಯೂ ಇನ್ನೊಮ್ಮೆ ಬಂದು ಹೋಯಿತು. ನಮ್ಮ ಗೋಡೆ ನೆನೆಯಿತು, ಒಣಗಿತು, ನಿಂತಿತು. ಕಾಲೇಜಿನ ಹುಡುಗರು ಅದರ ಚಿತ್ರ ಬರೆಯಲು ಬಂದಾಗ, ಗಿರಾಕಿಗಳನ್ನು ಕೂರಿಸಿಯೇ ಹೊರಬಂದು ಕಾಕಾನ ಕತೆ ಹೇಳುತ್ತೇನೆ. ಹೇಳುವಾಗ ಎದೆ ಒಂದು ಗೇಣು ಅಗಲವಾಗುತ್ತದೆ, ಸುಳ್ಳೇಕೆ.

ಕಾಕಾ ತೀರಿಹೋಗಿ ಎರಡು ವರ್ಷವಾಯಿತು. ಈ ಮಳೆಗೆ ಮಾಳಿಗೆಯ ಕೆಳಗೆ ಒಂದು ಸಂದು ಬಿಚ್ಚಿತ್ತು. ನಿನ್ನೆ ಏಣಿ ಹಾಕಿ ನಾನೇ ಹತ್ತಿ ತುಂಬಿದೆ. ಕೆಳಗಿಳಿದು, ಹಿಂದೆ ಸರಿದು ನಿಂತು, “ಸರಿ ಆತೇನ್ರಿ, ಕಾಕಾ?” ಎಂದು ಬಾಯಿತಪ್ಪಿ ಕೇಳಿಬಿಟ್ಟೆ… ಹೋಗುವ ಬರುವ ಜನ ತಮ್ಮ ಪಾಡಿಗೆ ಹೋಗುತ್ತಿದ್ದರು. ಉತ್ತರ ನಾನೇ ಕೊಟ್ಟುಕೊಳ್ಳಬೇಕಿತ್ತು. ಮತ್ತೊಮ್ಮೆ ತಲೆಯೆತ್ತಿ ನೋಡಿದೆ.

ಸರಿಯಾಗಿತ್ತು.