ಕುಂಕುಮ ಇಟ್ಟ ಪ್ರಯಾಣದ ಕಾರ್ಡು

ಹಬ್ಬಕ್ಕೆ ಹಂಚಿದ ಉಡುಗೊರೆ ಕಾರ್ಡುಗಳ ಪರಿಣಾಮವನ್ನು ಅನುಭವಿಸಿದವರು ಕಾರ್ಖಾನೆಯ ನೆಲ ಒರೆಸುವ ಹೆಂಗಸರು. ಕಾರ್ಡುಗಳನ್ನು ಖರೀದಿಸಿದ ಗುತ್ತಿಗೆದಾರರಲ್ಲ, ಮಾರಿದ ಕಂಪನಿಯವರೂ ಅಲ್ಲ. ಮೊದಲಿಗೇ ಇದನ್ನು ಹೇಳಿಬಿಡುತ್ತೇನೆ. ಮುಂದೆ ಬರೆಯುವುದರಲ್ಲಿ ಕೃತಜ್ಞತೆಯೇ ಹೆಚ್ಚು, ಅದರ ನಡುವೆ ಅನ್ಯಾಯ ಮರೆಯಾಗಬಾರದು.

ನಾನು ಕೆ.ಜಿ.ಎಫ್.ನಲ್ಲಿ ಗುತ್ತಿಗೆ ಕಾರ್ಮಿಕರ ಹಕ್ಕುಗಳಿಗಾಗಿ ಕೆಲಸ ಮಾಡುವವಳು. ಮೈಸೂರು ಮೈನ್ಸ್‌ನ ಹಳೆಯ ಲೈನಿನಲ್ಲಿ, ಗಣಿ ಕಾರ್ಮಿಕರಿಗೆಂದು ಕಟ್ಟಿದ ಸಾಲುಮನೆಗಳಲ್ಲಿ, ನನ್ನ ಬಾಡಿಗೆ ಮನೆ. ಗೋಡೆಯಾಚೆಗೆ ಕಾಮಸಮುದ್ರದ ಕಡೆಯಿಂದ ಬಂದ ಅಕ್ಕ, ಅವರ ಗಂಡ. ಅಕ್ಕ ಕಾರ್ಖಾನೆಯೊಂದರಲ್ಲಿ ಗುತ್ತಿಗೆಯ ಮೇಲೆ ಗುಡಿಸಿ ಒರೆಸುತ್ತಾರೆ. ಅವರ ತಂಗಿಯ ಸಂಸಾರ ಗೋವಾದಲ್ಲಿದೆ. ತಂಗಿ ಕೂಲಿಗೆ ಹೋಗುತ್ತಿದ್ದ ಕಾಲದಲ್ಲಿ ಅವಳ ಮಗಳನ್ನು ಸೊಂಟದ ಮೇಲಿಟ್ಟುಕೊಂಡು ಬೆಳೆಸಿದವರು ಈ ದೊಡ್ಡಮ್ಮ. ಆ ಹುಡುಗಿ ಈಗ ಬಸುರಿಯಾಗಿದ್ದಳು. ದಸರಾ ಕಳೆದ ಮೇಲೆ ಸೀಮಂತ ನಿಶ್ಚಯವಾಗಿತ್ತು. ಮೊದಲ ಬಳೆಯನ್ನು ದೊಡ್ಡಮ್ಮನೇ ತೊಡಿಸಬೇಕು, ಇಲ್ಲದಿದ್ದರೆ ಮಣೆಯ ಮೇಲೆ ಕೂರುವುದೇ ಇಲ್ಲ ಎಂದು ಹಟ ಹಿಡಿದಿದ್ದಳು. ಆದರೆ ಗೋವಾಕ್ಕೆ ಹೋಗಿಬರುವ ಖರ್ಚು ಅಕ್ಕನ ಕೈಗೆ ನಿಲುಕುವಂಥದ್ದಾಗಿರಲಿಲ್ಲ.

ಆಯುಧಪೂಜೆಯ ಹಿಂದಿನ ದಿನ ಗುತ್ತಿಗೆದಾರರು ಸ್ಟೀಲ್ ಡಬ್ಬಿಯೊಂದಿಗೆ ಸಿಹಿಯ ಪೊಟ್ಟಣ ಕೊಡುವುದು ರೂಢಿ. ಆ ಸಲ ಅದರ ಬದಲು ಹೊಳೆಯುವ ಲಕೋಟೆಯಲ್ಲಿ ಪ್ರಯಾಣದ ಗಿಫ್ಟ್ ಕಾರ್ಡು ಕೊಟ್ಟರು. ಬಸ್ಸು, ವಿಮಾನ, ಹೋಟೆಲಿಗೆ ಅದನ್ನು ಬಳಸಬಹುದಿತ್ತು. ಬಳಸುವ ಬಗೆ ಹೇಗೆಂದು ಕೊಟ್ಟವರು ಯಾರೂ ಹೇಳಲಿಲ್ಲ. ಕಾರ್ಡಿನ ಹಿಂಬದಿಯಲ್ಲಿದ್ದ ಸೂಚನೆಗಳು ಇಂಗ್ಲಿಷಿನಲ್ಲಿದ್ದವು, ಅದೂ ಭೂತಗನ್ನಡಿ ಬೇಕಾಗುವಷ್ಟು ಸಣ್ಣಕ್ಷರದಲ್ಲಿ. ಕನ್ನಡ, ತಮಿಳು, ತೆಲುಗು ಮೂರನ್ನೂ ಒಂದೇ ಉಸಿರಿನಲ್ಲಿ ಆಡುವ ಊರಿಗೆ ಆ ಮೂರರಲ್ಲಿ ಒಂದರಲ್ಲೂ ಬರೆಯದ ಉಡುಗೊರೆ ಕೊಟ್ಟಿದ್ದು ಮೊದಲ ತಪ್ಪು. ಆದರೂ ಅಕ್ಕನ ಸಂತೋಷಕ್ಕೆ ಅದು ಅಡ್ಡಿಯಾಗಲಿಲ್ಲ. ಅವರ ಪಾಲಿಗೆ ಆ ಕಾರ್ಡೇ ಗೋವಾ ಆಗಿತ್ತು.

ಹಬ್ಬದ ಬೆಳಗ್ಗೆ ಫೋನು ತೆರೆದಾಗ ಅಕ್ಕನ ವಾಟ್ಸಾಪ್ ಸ್ಟೇಟಸ್ ಕಂಡಿತು. ದೇವರ ಮುಂದೆ ಈಳಿಗೆಮಣೆ, ಕತ್ತರಿ, ಗಂಡನ ಸೈಕಲ್ಲಿನ ಬೀಗ. ಅವುಗಳ ನಡುವೆ ಸೇವಂತಿಗೆ ಏರಿಸಿಕೊಂಡು, ಕುಂಕುಮದ ಬೊಟ್ಟು ಇಟ್ಟುಕೊಂಡು ಆ ಕಾರ್ಡು ಕುಳಿತಿತ್ತು. ಹಿಂಬದಿ ಮೇಲಾಗಿತ್ತು. ಪಿನ್ ನಂಬರನ್ನು ಮುಚ್ಚಿರಬೇಕಾದ ಬೂದು ಪಟ್ಟಿ ಕಾಣಲಿಲ್ಲ. ಕಾರ್ಡಿನ ಸಂಖ್ಯೆ ಪೂರ್ತಿಯಾಗಿ ಓದುವಂತಿತ್ತು.

ನಾನು ಪಕ್ಕದ ಮನೆಗೆ ಓಡಿದೆ.

“ಅಕ್ಕ, ಆ ಫೋಟೋ ಮೊದಲು ತೆಗೀರಿ!”

“ಯಾಕ್ ಅಮ್ಮಣ್ಣಿ? ಚೆನ್ನಾಗ್ ಬಂದಿಲ್ವಾ? ಗೋವಾದಾಗೆ ನಮ್ ಉಡ್ಗಿ ನೋಡ್ಲಿ ಅಂತ ಆಕಿದ್ದು.”

“ಇಲ್ಲೊಂದು ಬೂದು ಪಟ್ಟಿ ಇತ್ತಲ್ಲ, ಏನಾಯ್ತು?”

“ಅದಾ? ಕೊಳೆ ಅಂಟ್ಕಂಡಿತ್ತು. ಉಣಿಸೆಹಣ್ ಆಕಿ ಉಜ್ದೆ, ಬೆಳ್ಳಗಾತು. ಕೊಳೆ ಇಟ್ಕಂಡು ಪೂಜೆ ಮಾಡಕಾಯ್ತದಾ? ನಂಬರ್ ಇರೋ ಕಡೆನೇ ಅಲ್ವಾ ಲಕ್ಷ್ಮಿ, ಅದ್ಕೇ ಅದನ್ನ ಮೇಲ್ಕ್ ಮಾಡ್ದೆ.”

ಹೊಸಲಿನ ಮೇಲೆ ಕುಳಿತಿದ್ದ ಅವರ ಗಂಡ ನಕ್ಕರು. “ಮನೇಲಿರೋದೆಲ್ಲ ತೊಳ್ದವ್ಳೆ ಕಣಮ್ಮ. ನನ್ ಒಬ್ಬನ್ನ ಬಿಟ್ಟವ್ಳೆ.”

“ನಿಂಗೆ ಉಣಿಸೆಹಣ್ ಸಾಲಕ್ಕಿಲ್ಲ, ಸುಮ್ನಿರು,” ಎಂದರು ಅಕ್ಕ.

ನಗುವ ಸ್ಥಿತಿಯಲ್ಲಿ ನಾನಿರಲಿಲ್ಲ. ಇಂಥ ಕಾರ್ಡಿಗೆ ಒಡೆಯರ ಹೆಸರಿಲ್ಲ ಎಂದು ವಿವರಿಸಿದೆ. ಸಂಖ್ಯೆ ಮತ್ತು ಪಿನ್ನನ್ನು ಯಾರು ಮೊದಲು ತಮ್ಮ ಖಾತೆಗೆ ಸೇರಿಸಿಕೊಳ್ಳುತ್ತಾರೋ ಮೌಲ್ಯ ಅವರದು. ಕಾರ್ಡು ನಮ್ಮ ಕೈಯಲ್ಲೇ ಇದ್ದರೂ ಒಳಗಿನದು ಹೋಗಿರಬಹುದು. ಪಟ್ಟಿ ಕೆರೆದ ಕೂಡಲೇ ಕಂಪನಿಯ ಸ್ವಂತ ಆ್ಯಪಿನಲ್ಲಿ ನಮ್ಮ ಫೋನ್ ನಂಬರಿನ ಖಾತೆಗೆ ಸೇರಿಸಬೇಕು. ಅನಂತರವೇ ಅದು ನಿಜವಾಗಿ ನಮ್ಮದು. ಅಕ್ಕನ ಮುಖದ ಬಣ್ಣ ಇಳಿಯಿತು.

“ಅಂಗಾರೆ ನನ್ ಗೋವಾ ಓಯ್ತಾ?”

ಫೋಟೋ ಅಳಿಸಿದೆವು. ಲೈನಿನಲ್ಲಿ ಸಿಗ್ನಲ್ ನಿಲ್ಲುತ್ತಿರಲಿಲ್ಲ. ಬಂಗಾರಪೇಟೆಯ ಸ್ಟೇಷನ್ ರಸ್ತೆಯಲ್ಲಿ ಬಸ್ ಟಿಕೆಟ್ ಮಾಡಿಕೊಡುವ ಒಂದು ಅಂಗಡಿಯಿದೆ. ಅದರ ಒಡತಿಗೆ ಅಕ್ಕ ಗೋವಾ ಬಸ್ಸಿನ ವಿಚಾರ ಮೊದಲೇ ಕೇಳಿದ್ದರು. ನಾವಿಬ್ಬರೂ ಬಸ್ಸು ಹತ್ತಿ ಅಲ್ಲಿಗೆ ಹೋದೆವು. ಆಕೆ ಅಂಗಡಿಯ ಪೂಜೆ ಮುಗಿಸಿ ಬಾಗಿಲು ಎಳೆಯುತ್ತಿದ್ದರು. ಸಂಗತಿ ಕೇಳಿ ಮತ್ತೆ ಬಾಗಿಲು ತೆರೆದು, ಕಂಪ್ಯೂಟರಿನ ಮೇಲಿದ್ದ ಹೂವನ್ನು ಎತ್ತಿಟ್ಟರು.

ಅಕ್ಕನ ಫೋನ್ ನಂಬರಿನಲ್ಲಿ ಖಾತೆ ತೆರೆದು ಕಾರ್ಡಿನ ಸಂಖ್ಯೆ ಹಾಕಿದೆವು. ಪರದೆಯ ಮೇಲೆ ಕೆಂಪು ಸಾಲು ಮೂಡಿತು: ತಪ್ಪು ಪಿನ್ ಅನ್ನು ಪದೇ ಪದೇ ನೀಡಿದ್ದರಿಂದ ಕಾರ್ಡನ್ನು ತಡೆಹಿಡಿಯಲಾಗಿದೆ. ನಾವು ಇನ್ನೂ ಒಮ್ಮೆಯೂ ಪಿನ್ ಹಾಕಿರಲಿಲ್ಲ. ಅಳಿಸುವ ಮುನ್ನ ನನ್ನ ಫೋನಿಗೆ ಉಳಿಸಿಕೊಂಡಿದ್ದ ಆ ಫೋಟೋವನ್ನು ಹಿಗ್ಗಿಸಿ ನೋಡಿದೆ. ಕುಂಕುಮದ ಬೊಟ್ಟು ಪಿನ್ನಿನ ಕೊನೆಯ ಅಂಕಿಗಳ ಮೇಲೆ ಕುಳಿತಿತ್ತು. ಫೋಟೋ ನೋಡಿದ ಯಾರೋ ಮುಚ್ಚಿಹೋದ ಅಂಕಿಗಳನ್ನು ಊಹಿಸಿ ಊಹಿಸಿ ಹಾಕಿದ್ದಾರೆ. ಊಹೆ ಕೂಡಿಬರದೆ ಕಾರ್ಡಿಗೆ ಬೀಗ ಬಿದ್ದಿದೆ.

“ನೋಡ್ದಾ, ತಾಯಿ ಬೊಟ್ಟಿಟ್ಟು ಮುಚ್ಚಿದ್ಲು,” ಎಂದು ಅಕ್ಕ ಕಣ್ಣೊರೆಸಿಕೊಂಡರು.

“ತಾಯಿ ಮುಚ್ಚಿದ್ಲು ಸರಿ, ಈಗ ತೆಗೆಯೋರು ಯಾರು?” ಎಂದು ಅಂಗಡಿಯಾಕೆ ಸಹಾಯವಾಣಿಗೆ ಫೋನು ಹಚ್ಚಿದರು. ನಂಬರನ್ನು ಅಂತರ್ಜಾಲದಲ್ಲಿ ಹುಡುಕಲು ಬಿಡದೆ ಕಾರ್ಡಿನ ಮೇಲೆ ಅಚ್ಚಾದದ್ದನ್ನೇ ಒತ್ತಿಸಿದೆ. ಹುಡುಕಿದರೆ ಸಿಗುವ ಸುಳ್ಳು ನಂಬರುಗಳಿಂದ ಬರಿಗೈಯಾದವರ ಅಹವಾಲುಗಳನ್ನು ನಾನು ಕೇಳಿದ್ದೇನೆ.

ಹಿಂದಿಗೆ ಒಂದು ಒತ್ತಿ, ಇಂಗ್ಲಿಷಿಗೆ ಎರಡು ಒತ್ತಿ. ಕನ್ನಡಕ್ಕೆ ಯಾವ ಗುಂಡಿಯೂ ಇರಲಿಲ್ಲ. ಬಹಳ ಹೊತ್ತಿನ ಮೇಲೆ ಒಬ್ಬ ಹೆಣ್ಣುಮಗಳ ಧ್ವನಿ ಸಿಕ್ಕಿತು. ನನ್ನ ಇಂಗ್ಲಿಷಿನ ನಡುವೆ ಅಕ್ಕ “ಅಯ್ಯೋ ದೇವುಡಾ” ಎಂದದ್ದು ಅವಳ ಕಿವಿಗೆ ಬಿದ್ದಿರಬೇಕು. “ಭಯಪಡಕಂಡಮ್ಮಾ,” ಹೆದರಬೇಡಿ ಎಂದು ಆಕೆ ತೆಲುಗಿಗೆ ಹೊರಳಿದಳು. ಅಷ್ಟು ಸಾಕಾಯಿತು. ಅಕ್ಕ ಫೋನು ಕಸಿದುಕೊಂಡು ಹುಣಿಸೆಹಣ್ಣಿನಿಂದ ಹಿಡಿದು ಸೀಮಂತದವರೆಗೆ ಎಲ್ಲವನ್ನೂ ತೆಲುಗಿನಲ್ಲಿ ಹೇಳಿಕೊಂಡರು. ಆ ಹೆಣ್ಣುಮಗಳು ನಡುವೆ ಬಾಯಿ ಹಾಕದೆ ಕೇಳಿದಳು. ಮೌಲ್ಯ ಹಾಗೆಯೇ ಇದೆ, ಕಾರ್ಡು ಕೊಂಡವರು ಒಂದು ಮಾತು ದೃಢಪಡಿಸಿದರೆ ಹೊಸ ಪಿನ್ ಕಳಿಸುತ್ತೇನೆ ಎಂದಳು.

ಕೊಂಡವರೆಂದರೆ ಗುತ್ತಿಗೆದಾರರು. ನಾನು ಅವರ ಮೇಲ್ವಿಚಾರಕರಿಗೆ ಫೋನು ಮಾಡಿದೆ.

“ಕೊಟ್ಟಾಯ್ತಲ್ಲ ಮೇಡಂ, ಇನ್ನು ನಮಗೂ ಅದಕ್ಕೂ ಏನು ಸಂಬಂಧ? ಹುಣಸೆಹಣ್ಣಲ್ಲಿ ತೊಳೀರಿ ಅಂತ ನಾವು ಹೇಳಿದ್ವಾ?”

“ತೊಳೀಬೇಡಿ ಅಂತಲೂ ಹೇಳ್ಲಿಲ್ಲ,” ಎಂದೆ. ಅವರು ಫೋನು ಇಟ್ಟರು.

ಇದು ಎರಡನೆಯ ತಪ್ಪು, ಮೊದಲನೆಯದಕ್ಕಿಂತ ದೊಡ್ಡದು. ಕೊಟ್ಟವರ ಕೈಯಲ್ಲೇ ಬೀಗದ ಕೈ ಉಳಿಯುವ ವಸ್ತುವನ್ನು ಉಡುಗೊರೆಯೆಂದು ಕರೆಯಲು ನನಗೆ ಮನಸ್ಸು ಬರುವುದಿಲ್ಲ. ಆದರೆ ಸಹಾಯವಾಣಿಯ ಆ ಹೆಣ್ಣುಮಗಳು ಕೈಚೆಲ್ಲಲಿಲ್ಲ. ಕಾರ್ಡು ಸಿಕ್ಕ ದಿನ, ಕೊಟ್ಟವರ ಹೆಸರು ಕೇಳಿ ತನ್ನ ದಾಖಲೆಯೊಂದಿಗೆ ತಾಳೆ ನೋಡಿದಳು. ಅಕ್ಕ ಕಾರ್ಡು ಹಿಡಿದು ನಿಂತ ಚಿತ್ರವನ್ನು ತರಿಸಿಕೊಂಡಳು. ತನ್ನ ಮೇಲಿನವರನ್ನು ಕೇಳಿ ತಾನೇ ಫೋನು ಮಾಡುತ್ತೇನೆಂದಳು. ಅಂಗಡಿಯಾಕೆ ಮನೆಯಿಂದ ಚಿತ್ರಾನ್ನ ತರಿಸಿದರು. ಅಕ್ಕ ತಟ್ಟೆಯನ್ನು ಪಕ್ಕಕ್ಕಿಟ್ಟು ಫೋನನ್ನೇ ನೋಡುತ್ತಾ ಕುಳಿತರು. ಬಿಸಿಲು ಇಳಿಯುವ ಹೊತ್ತಿಗೆ ಫೋನು ಬಂತು, ಅದರ ಹಿಂದೆಯೇ ಹೊಸ ಪಿನ್. ಅಲ್ಲೇ ಕಾರ್ಡನ್ನು ಅಕ್ಕನ ಖಾತೆಗೆ ಸೇರಿಸಿದೆವು. ಬೆಂಗಳೂರಿನಿಂದ ಗೋವಾಕ್ಕೆ ಹೋಗಿಬರುವ ಟಿಕೆಟ್ಟುಗಳನ್ನು ಅಂಗಡಿಯಾಕೆ ಮಾಡಿಕೊಟ್ಟರು. ತಮ್ಮ ಕಮಿಷನ್ನಿನ ಮಾತೆತ್ತಿದ್ದಕ್ಕೆ ನನ್ನನ್ನೇ ಗದರಿದರು: “ಸೀಮಂತದ ಕಾಸು ತಿನ್ನೋಳ ಥರ ಕಾಣ್ತೀನಾ?”

ಅಕ್ಕ ಹೋದರು. ಸೀಮಂತದ ದಿನ ವೀಡಿಯೊ ಕರೆ ಮಾಡಿದರು. ಹುಡುಗಿಯ ಮಣಿಕಟ್ಟು ಊದಿಕೊಂಡು ಬಳೆ ಏರುತ್ತಿರಲಿಲ್ಲ. ಅಕ್ಕ ಅವಳ ಕೈಗೆ ಸೋಪು ಸವರುತ್ತಾ, “ನೋವಾಯ್ತದೇನೇ ನನ್ ಕೂಸೇ?” ಎಂದು ಕೇಳುತ್ತಲೇ ಇದ್ದರು. ಹುಡುಗಿ ಅಳುತ್ತಿದ್ದಳು, ನೋವಿಗಲ್ಲವೆಂದು ನೋಡಿದವರಿಗೆಲ್ಲ ಗೊತ್ತಾಗುತ್ತಿತ್ತು. ಹಬ್ಬದ ದಿನ ಬಾಗಿಲು ತೆರೆದವರಿಗೆ ಮತ್ತು ಮುಖವನ್ನೇ ಕಾಣದ ಆ ತೆಲುಗು ಧ್ವನಿಗೆ ನಾನು ಋಣಿ. ನಿಯಮದ ಸಂದಿಯಲ್ಲಿ ಮನುಷ್ಯರಿಗೆ ಜಾಗ ಹುಡುಕಿದ ಅವರಿಬ್ಬರ ಋಣವನ್ನು ತೀರಿಸುವ ದಾರಿ ನನಗೆ ತಿಳಿದಿಲ್ಲ.

ಆದರೆ ಎಲ್ಲರ ಕಾರ್ಡೂ ಉಳಿಯಲಿಲ್ಲ. ಅಕ್ಕನ ಜೊತೆ ಕೆಲಸ ಮಾಡುವ ಬೇತಮಂಗಲದ ಒಬ್ಬ ಹೆಂಗಸು, ಬಾಕಿ ಎಷ್ಟಿದೆ ನೋಡಿ ಹೇಳುತ್ತೇವೆಂದ ಅಪರಿಚಿತ ಕರೆಗೆ ಸಂಖ್ಯೆ, ಪಿನ್ ಎರಡನ್ನೂ ಓದಿ ಹೇಳಿದ್ದರು. ಕಾರ್ಡು ಅವರ ಕೈಯಲ್ಲಿದೆ, ಒಳಗೆ ಏನೂ ಇಲ್ಲ. ಅವರಿಗೆ ಎಚ್ಚರಿಕೆ ಹೇಳಬೇಕಾಗಿದ್ದವರು ಹೇಳಲಿಲ್ಲ.

ಆದ್ದರಿಂದ ಕಾರ್ಡು ಹಂಚಿದ ಗುತ್ತಿಗೆದಾರರಲ್ಲಿ ಮತ್ತು ಮಾರಿದ ಕಂಪನಿಯಲ್ಲಿ ನನ್ನ ಆಗ್ರಹ ಇದು. ಬೇತಮಂಗಲದ ಆ ಹೆಂಗಸಿಗೆ ಅದೇ ಮೌಲ್ಯದ ಹೊಸ ಕಾರ್ಡನ್ನು ನೀವಿಬ್ಬರೂ ಸೇರಿ ಕೊಡಿ. ಕೊಡುವಾಗ ಅವರ ಎದುರಿಗೆ ಕುಳಿತು, ಅವರದೇ ಫೋನ್ ನಂಬರಿನ ಖಾತೆಗೆ ಸೇರಿಸಿ, ಪಿನ್ ಅನ್ನು ಯಾರಿಗೂ ಹೇಳಬಾರದೆಂದು ಕನ್ನಡದಲ್ಲಿ ತಿಳಿಸಿ, ಆಮೇಲೆ ಕುರ್ಚಿಯಿಂದ ಏಳಿ.