ಕೋಳಿಕಾಲು ಮುಟ್ಟದೆ ಆಡಿದ ಆಟ

ನಮ್ಮಕ್ಕ ಒಂದು ಮಾತನ್ನು ಬಹಳ ವರ್ಷದಿಂದ ಹೇಳಿಕೊಂಡು ಬಂದಿದ್ದಾಳೆ. ಆಳಂದದ ಮನೆಯಲ್ಲಿದ್ದಾಗ, ಆ ಟಿವಿ ಆಟದ ಕೊನೆಯ ಗುಹೆಯನ್ನು ಅವಳು ಕೋಳಿಕಾಲು ಮುಟ್ಟದೆ ದಾಟಿದ್ದಳಂತೆ. ನಂಬುವವರು ಯಾರೂ ಇಲ್ಲ. ಇರುವ ಒಬ್ಬಳೇ ಸಾಕ್ಷಿ ನಾನು, ನನಗೋ ನೆನಪಿಲ್ಲ.

ಮೊದಲು ಆಟದ ಬಗ್ಗೆ ಹೇಳಿಬಿಡುತ್ತೇನೆ. ಟಿವಿಗೆ ಜೋಡಿಸುವ ಒಂದು ಪೆಟ್ಟಿಗೆ, ಅದರ ಬೆನ್ನಿಗೆ ತುರುಕುವ ಹಳದಿ ಕ್ಯಾಸೆಟ್ಟು. ನಿಧಿ ಹುಡುಕುವ ಸಾಹಸಿಯೊಬ್ಬನ ಇಂಗ್ಲಿಷ್ ಸಿನಿಮಾವನ್ನು ಯಾರೋ ಆಟವಾಗಿ ಮಾಡಿದ್ದರು. ಅವನು ಎಡದಿಂದ ಬಲಕ್ಕೆ ಓಡುತ್ತಾನೆ, ಹಾರುತ್ತಾನೆ, ಕಂದಕಕ್ಕೆ ಬಿದ್ದು ಸಾಯುತ್ತಾನೆ, ಮತ್ತೆ ಮೊದಲಿನಿಂದ ಓಡುತ್ತಾನೆ. ಸಿನಿಮಾ ನಮ್ಮೂರ ಟಾಕೀಸಿಗೆ ಬರಲೇ ಇಲ್ಲ. ಈಚೆಗೆ ಮೊಬೈಲಿನಲ್ಲಿ ನೋಡಿದೆ. ಅದರಲ್ಲಿ ಅವನು ಒಂದು ಸಲವೂ ಊಟಕ್ಕೆ ಕೂರುವುದಿಲ್ಲ. ಅವನ ಹೊಟ್ಟೆಯ ಚಿಂತೆ ಹತ್ತಿದ್ದು ಆಟ ಮಾಡಿದವರಿಗೆ ಮಾತ್ರ. ಅವರು ದಾರಿಯುದ್ದಕ್ಕೂ ಹುರಿದ ಕೋಳಿಕಾಲು ಚೆಲ್ಲಿದ್ದರು. ಅವನು ಮುಟ್ಟಿದರೆ ಸಾಕು, ತಿಂದಂತೆ. ತಿಂದರೆ ಪ್ರಾಣ ಒಂದಿಷ್ಟು ಹೆಚ್ಚುತ್ತದೆ.

ನಮ್ಮದು ಕೊರಳಲ್ಲಿ ಲಿಂಗ ಕಟ್ಟಿಕೊಂಡವರ ಮನೆ. ಒಂದು ದಿನ ಅವ್ವ ಅಕ್ಕಿ ಆರಿಸುತ್ತ ಟಿವಿಯ ಕಡೆ ಕತ್ತೆತ್ತಿದಳು.

"ಅಂವ ಏನ್ ತಿಂದಾ ಈಗ?"

"ಕೋಳಿ ಬೇ ಅವ್ವಾ."

"ನಮ್ಮ ಪಡಸಾಲ್ಯಾಗ ಯಾರೂ ಕೋಳಿ ತಿನ್ನಂಗಿಲ್ಲ. ಟಿವ್ಯಾಗಿನಾಂವನೂ ತಿನ್ನಂಗಿಲ್ಲ."

ಅಂದಿನಿಂದ ನಾವು ಅವನನ್ನು ಉಪವಾಸ ಓಡಿಸಿದೆವು. ಅಪರೂಪಕ್ಕೆ ಸೇಬು ಸಿಗುತ್ತಿತ್ತು, ಅದರ ಮೇಲೆಯೇ ಅವನ ಜೀವನ. ಓಣಿಯ ಬೇರೆ ಮಕ್ಕಳು ಆಡುತ್ತಿದ್ದದ್ದೂ ಅದೇ ಕ್ಯಾಸೆಟ್ಟು, ಆದರೆ ನಮ್ಮದು ಬೇರೆಯೇ ಆಟ. ಕೋಳಿಕಾಲು ಕಂಡಲ್ಲಿ ಹಾವು ಕಂಡಂತೆ ಹಾರಬೇಕು.

ಹಾರಲು ಬಾರದ ಜಾಗ ಒಂದೇ ಒಂದು ಇತ್ತು. ಕೊನೆಯ ಗುಹೆಯಲ್ಲಿ ಕಿರಿದಾದ ಕಲ್ಲುಹಾಸು, ತಲೆಗೆ ತಾಗುವಷ್ಟು ಕೆಳಗೆ ಚಾವಣಿ, ನಡುವೆ ಸರಿಯಾಗಿ ಕೋಳಿಕಾಲು. ಅಫಜಲಪುರದ ಕಡೆ ಅತನೂರಿನಲ್ಲಿರುವ ನಮ್ಮ ಸೋದರಮಾವನ ಮಗ ಹಿಡಿದಿದ್ದು ಇದನ್ನೇ. ಮದುವೆ, ತೊಟ್ಟಿಲು, ಎಲ್ಲಿ ಸಿಕ್ಕರೂ ಅಕ್ಕನಿಗೆ ಅವನದು ಒಂದೇ ಪ್ರಶ್ನೆ: "ಖರೇ ಹೇಳ ಬೇ, ಕೋಳಿ ರುಚಿ ಹೆಂಗಿತ್ತು?" ಎಲ್ಲರೂ ನಗುತ್ತಿದ್ದರು. ಅಕ್ಕನೂ ನಗುತ್ತಿದ್ದಳು, ಆದರೆ ಅವಳ ಕಿವಿ ಕೆಂಪಾಗುತ್ತಿತ್ತು. ಜೇವರ್ಗಿಯ ಶಾಲೆಯಲ್ಲಿ ಲೆಕ್ಕ ಕಲಿಸುವವಳು ಅವಳು. ಸುಳ್ಳಿ ಅನ್ನಿಸಿಕೊಳ್ಳುವುದು ಆಗದು.

ನಾನು ಇತಿಹಾಸದಲ್ಲಿ ಎಂ.ಎ. ಮಾಡಿದವಳು, ಸಾಕ್ಷಿಯನ್ನು ಹೇಗೆ ತೂಗಬೇಕೆಂದು ಕಲಿತಿದ್ದೇನೆ. ಅಕ್ಕ ಮಂಚದ ಮೇಲೆ ನಿಂತು ಕಿರುಚಿದ್ದು ನನಗೆ ನೆನಪಿದೆ. ಗೆದ್ದು ಕಿರುಚಿದಳೋ, ಚೇಳು ಕಂಡು ಕಿರುಚಿದಳೋ ಹೇಳಲಾರೆ. ಸಾಹಸಿಯ ಅಂಗಿ ಕೆಂಪು ಎಂದು ಆಣೆ ಮಾಡುವಷ್ಟು ಖಚಿತವಾಗಿತ್ತು.

ಕಳೆದ ಭಾನುವಾರ ಅಂಗಿ ನೀಲಿ ಎಂದು ಗೊತ್ತಾಯಿತು. ನಮ್ಮ ಭಾವ ಕಲಬುರಗಿಯ ಹಳೆ ಸಾಮಾನಿನ ಅಂಗಡಿಯಿಂದ ಅಂಥದೇ ಪೆಟ್ಟಿಗೆ, ಅದೇ ಕ್ಯಾಸೆಟ್ಟು ತಂದಿದ್ದರು. "ಬರ್ರಿ ಎಲ್ಲಾರೂ, ಇವತ್ತ ಫೈಸಲಾ ಆಗಲಿ" ಎಂದು ಅಕ್ಕ ಫೋನು ಮಾಡಿದಳು. ನಾನೂ ಅವ್ವನೂ ಆಳಂದದಿಂದ ಅವಳ ಜೇವರ್ಗಿಯ ಮನೆಗೆ ಬಸ್ಸು ಹಿಡಿದೆವು. ಮಾವನ ಮಗ ಅತನೂರಿನಿಂದ ಮೋಟರ್ ಸೈಕಲ್ಲಿನ ಮೇಲೆ ಬಂದ.

ಅಕ್ಕ ಸೆರಗು ಸಿಕ್ಕಿಸಿಕೊಂಡು ನೆಲಕ್ಕೆ ಕೂತಳು. ಕೈ ಮೊದಮೊದಲು ತಡವರಿಸಿತು. ಸತ್ತಳು, ಮತ್ತೆ ಸತ್ತಳು. ಚುರುಮುರಿ ಸೂಸಲಾ ತಿಂದು ಮುಗಿದು ಚಹಾ ಬರುವ ಹೊತ್ತಿಗೆ ಬೆರಳಿಗೆ ಹಳೆಯ ರೂಢಿ ಬಂತು. ಒಂದೂ ಕೋಳಿಕಾಲು ಮುಟ್ಟದೆ ಕೊನೆಯ ಗುಹೆಗೆ ಬಂದಾಗ ಅವನಲ್ಲಿ ಉಳಿದದ್ದು ಚೂರೇ ಚೂರು ಪ್ರಾಣ. ಕಲ್ಲುಹಾಸಿನ ಮುಂದೆ ನಿಂತಳು.

"ಈಗ ದಾಟ ಬೇ" ಎಂದ ಮಾವನ ಮಗ.

"ಸುಮ್ನ ಕುಂದರಲೇ. ಹೆಂಗ ದಾಟಿದ್ನಿ ಅಂತ ನೆನಸಾಕತ್ತೇನಿ."

"ದಾಟಿದ್ರ ಅಲ್ಲ ನೆನಪಾಗೂದು?"

ಅವ್ವ ಕನ್ನಡಕ ಏರಿಸಿ ನೋಡಿದಳು. "ಯಾಕ ನಿಂತಾನ ಅಂವ? ಮುಂದ ಊಟ ಐತಲ್ಲ, ತಿನ್ನಲಿ. ಹಸ್ತಾನ ಪಾಪ."

"ನೀನೇ ಬ್ಯಾಡಂದಿದ್ದಿ ಬೇ ಅವ್ವಾ!"

"ನಾ? ಯಾವಾಗ? ಅಂವೇನ್ ನಮ್ಮ ಮನಿ ಮಂದಿ ಏನ? ಅಂವ ಏನರ ತಿನ್ನಲಿ, ನಂಗ್ಯಾಕ?"

ಅಕ್ಕ ತಿರುಗಿ ನನ್ನನ್ನು ನೋಡಿದಳು. ಅವ್ವ ಅಂದದ್ದು ನನಗೆ ಸ್ಪಷ್ಟವಾಗಿ ನೆನಪಿದೆ. ಅಂಗಿ ಕೆಂಪು ಎಂಬಷ್ಟೇ ಸ್ಪಷ್ಟವಾಗಿ. ನಾನು ಬಾಯಿ ಬಿಡುವುದರೊಳಗೆ ಮೂವರೂ ಜಗಳಕ್ಕೆ ಬಿದ್ದಿದ್ದರು. ಬ್ಯಾಡಂದಿದ್ದಿ, ಅಂದಿಲ್ಲ, ಹಂಗಾರ ಇಷ್ಟು ವರ್ಷ ಅಂವನ್ನ ಉಪವಾಸ ಕೆಡವಿದ್ದು ಯಾರು? ಪರದೆಯ ಮೇಲೆ ಸಾಹಸಿ ಬರೀ ಉಸಿರಾಡುತ್ತ ನಿಂತಿದ್ದ.

"ಏ, ನೋಡ್ರಿ, ನೋಡ್ರಿ!" ಎಂದರು ಭಾವ.

ಕಲ್ಲಿನ ಸಂದಿಯಿಂದ ಒಂದು ಇಲಿ ಹೊರಬಂತು. ಆ ಕಡೆ ಈ ಕಡೆ ನೋಡಿತು. ಕೋಳಿಕಾಲನ್ನು ಕಚ್ಚಿಕೊಂಡು ಸಂದಿಗೆ ಮರಳಿತು. ದಾರಿ ಖಾಲಿ.

ಯಾವ ಮನೆಯಲ್ಲಿ ತಾನೇ ಮಕ್ಕಳು ಊಟದ ಮುಂದೆ ಅಷ್ಟು ಹೊತ್ತು ಸುಮ್ಮನೆ ನಿಂತಾರು? ತಿಂದು ಓಡಿದವರಿಗೆ ಆ ಇಲಿ ಕಾಣಲು ಸಾಧ್ಯವೇ ಇರಲಿಲ್ಲ. ಅಕ್ಕ ಮೆಲ್ಲಗೆ ಬಟನ್ ಒತ್ತಿದಳು. ಅವನು ನಡೆದುಕೊಂಡೇ ದಾಟಿದ.

"ಹೇಳ, ಆವಾಗೂ ಇಲಿ ಬಂದಿತ್ತು ಹೌದಿಲ್ಲೋ?" ಎಂದು ನನ್ನನ್ನು ಕೇಳಿದಳು.

ಬಂದಿತ್ತು ಎನ್ನಿಸಿತು. ಆಳಂದದ ಪಡಸಾಲೆ, ಮಂಚ, ಇಲಿ, ಎಲ್ಲ ಕಣ್ಣಿಗೆ ಕಟ್ಟಿತು. ಆದರೆ ಈ ನೆನಪಿಗೆ ಇನ್ನೂ ಒಂದು ನಿಮಿಷವೂ ತುಂಬಿರಲಿಲ್ಲ. ಅದನ್ನು ಸಾಕ್ಷಿ ಎಂದು ಹೇಗೆ ಕೊಡಲಿ?

"ಇವತ್ತ ಬಂದದ್ದು ಖರೇ. ಅವತ್ತಿಂದು ಗೊತ್ತಿಲ್ಲಬೇ ಯಕ್ಕಾ."

ಅವಳು ಸಿಟ್ಟಾಗುತ್ತಾಳೆ ಎಂದುಕೊಂಡೆ. "ಇವತ್ತಿಂದು ಸಾಕ ಬಿಡು" ಎಂದಳು. ಅಷ್ಟರಲ್ಲಿ ಗುಹೆಯ ರಾಕ್ಷಸ ಒಂದೇ ಏಟಿಗೆ ಸಾಹಸಿಯನ್ನು ಕೆಡವಿದ. ಅಕ್ಕ ಲೆಕ್ಕಿಸಲೇ ಇಲ್ಲ. ಆಟದ ರಿಮೋಟನ್ನು ಮಾವನ ಮಗನ ತೊಡೆಯ ಮೇಲೆ ಒಗೆದು ಒಳಗೆ ರೊಟ್ಟಿ ಬಡಿಯಲು ಹೋದಳು.

ಅವನು ಮೊದಲಿನಿಂದ ಶುರು ಮಾಡಿದ. ಮೊದಲನೆಯ ಕೋಳಿಕಾಲು ಬಂತು. ಅವನು ಅಡುಗೆಮನೆಯ ಕಡೆ ಒಮ್ಮೆ ನೋಡಿ, ಅದನ್ನು ಮುಟ್ಟದೆ ಮೇಲಿಂದ ಹಾರಿದ.