ನೇರಳೆ ಬಣ್ಣದ ಜಪಾನಿ ಪ್ಯಾಂಟು

ದುಬೈಯ ಸತ್ವಾದಲ್ಲಿ ಒಂದು ಲೇಡೀಸ್ ಟೈಲರ್ ಅಂಗಡಿಯಲ್ಲಿ ನಾನು ಹೊಲಿಗೆ ಕೆಲಸಕ್ಕಿದ್ದೆ. ತಮ್ಮ ಅಬುಧಾಬಿಯ ಕಟ್ಟಡಗಳಲ್ಲಿ ಕಬ್ಬಿಣದ ಪೈಪಿನ ಅಟ್ಟಣಿಗೆ ಕಟ್ಟುತ್ತಿದ್ದ. ಒಂದು ಶುಕ್ರವಾರ ಬಸ್ಸಿನಲ್ಲಿ ಬಂದವನ ಕೈಯಲ್ಲಿ ನೇರಳೆ ಬಣ್ಣದ ಪ್ಯಾಂಟಿತ್ತು. ಊರಿಗೆ ಮರಳುತ್ತಿದ್ದ ಜಪಾನಿ ಮೇಸ್ತ್ರಿ ಕೊಟ್ಟದ್ದಂತೆ. ಜಪಾನಿನಲ್ಲಿ ಎತ್ತರದ ಕೆಲಸ ಮಾಡುವವರು ಇಂಥದ್ದನ್ನೇ ಹಾಕುವುದಂತೆ. ತೊಡೆಯಿಂದ ಕೆಳಗೆ ಬಲೂನಿನ ಹಾಗೆ ಉಬ್ಬಿ, ಕಣಕಾಲಿಗೆ ಬಂದಾಗ ಬಿಗಿ. ಮೊಣಕಾಲಲ್ಲಿ ಸಣ್ಣ ಹರುಕು. ಅದೊಂದನ್ನು ಹೊಲಿದುಕೊಡು ಎಂದ. ಹಾಕಿ ತೋರಿಸಿಯೂ ಆಯಿತು. ನಮ್ಮ ವಿಲ್ಲಾದಲ್ಲಿ ಬಾಡಿಗೆ ಹಂಚಿಕೊಂಡು ಜೊತೆಗಿದ್ದ ಹೆಂಗಸರು ನಕ್ಕು ನಕ್ಕು ಸುಸ್ತಾದರು. ಒಳಗೆ ಎರಡು ಕುಂಬಳಕಾಯಿ ಉಂಟಾ ಎಂದು ಒಬ್ಬಳು ಕೇಳಿದಳು. ಅವನೂ ನಕ್ಕ. ನಾಚಿಕೆಯಾದದ್ದು ನನಗೆ.

ಏಳನೇ ಕ್ಲಾಸಿಗೆ ಶಾಲೆ ಬಿಟ್ಟವಳು ನಾನು. ಗೊತ್ತಿದ್ದದ್ದು ಒಂದೇ ವಿದ್ಯೆ, ಸಡಿಲವಿದ್ದದ್ದನ್ನು ಮೈಗೆ ಸರಿ ಮಾಡುವುದು. ಹರುಕು ಹೊಲಿಯುವ ನೆಪದಲ್ಲಿ ಎರಡೂ ಕಾಲು ಬಿಚ್ಚಿ, ಉಬ್ಬು ಕತ್ತರಿಸಿ, ಚೆಂದದ ಪ್ಯಾಂಟು ಮಾಡಿಟ್ಟೆ. ತುಂಡು ಬಟ್ಟೆ ಎಸೆಯುವ ಅಭ್ಯಾಸ ನನಗಿಲ್ಲ, ಎತ್ತಿಟ್ಟುಕೊಂಡೆ. ಮುಂದಿನ ಶುಕ್ರವಾರ ಅವನ ಮುಖ ನೋಡಿದಾಗಲೇ ತಪ್ಪು ತಿಳಿದದ್ದು. ಬಾಯಿಂದ ಬಂದದ್ದು ಮಾತ್ರ ಸುಳ್ಳು: ಬಟ್ಟೆ ಜೀರ್ಣವಾಗಿತ್ತು, ಕತ್ತರಿಸದೆ ಉಪಾಯವಿರಲಿಲ್ಲ. ಅವನು ಅದನ್ನು ಮಡಚಿ ಚೀಲಕ್ಕೆ ಹಾಕಿಕೊಂಡು ಹೋದ. ಅದರಲ್ಲಿ ಮೊಣಕಾಲೆತ್ತಿ ಪೈಪು ಹತ್ತಲು ಆಗದೆ ಪೆಟ್ಟಿಗೆಯೊಳಗೆ ಹಾಕಿಟ್ಟ.

ಒಂದೆರಡು ವರ್ಷದ ಮೇಲೆ, ಫ್ಯಾಷನ್ ಬಟ್ಟೆ ಮಾರುವ ಗಿರಾಕಿಯೊಬ್ಬಳು ಮೊಬೈಲಿನಲ್ಲಿ ಫೋಟೊ ತೋರಿಸಿದಳು. ಮಾಡೆಲ್ ಹುಡುಗಿಯ ಕಾಲಿಗೆ ಅದೇ ಬಲೂನು. ಈಗ ಎಲ್ಲರೂ ಕೇಳುವುದು ಇದನ್ನೇ, ಇಂಥದ್ದೊಂದು ಹೊಲಿದುಕೊಡು ಎಂದಳು. ಅಂಗಡಿಯಲ್ಲಿ ಅಂಥ ಪ್ಯಾಂಟನ್ನು ಕೈಯಲ್ಲಿ ಹಿಡಿದು ನೋಡಿದವಳು ನಾನೊಬ್ಬಳೇ. ಹಾಳು ಮಾಡಿದವಳೂ ನಾನೇ.

ತಮ್ಮನಿಗೆ ಫೋನ್ ಮಾಡಿ, ಉಬ್ಬು ಎಲ್ಲಿಂದ ಶುರುವಾಗುತ್ತಿತ್ತು ಎಂದು ಕೇಳಿದೆ. ಅವನು ಖುಷಿಯಿಂದ ಹೇಳುತ್ತಾ ಹೋದ. ನನಗೆ ತಡೆಯಲಾಗಲಿಲ್ಲ.

“ಬಟ್ಟೆ ಜೀರ್ಣ ಆಗಿರ್ಲಿಲ್ಲ ಮಾರಾಯ. ಅವರೆಲ್ಲ ನಕ್ಕರಲ್ಲ, ನಂಗೆ ನಾಚಿಕೆ ಆಯ್ತು. ಅದಕ್ಕೆ ಕತ್ತರಿಸಿದ್ದು.”

“ಗೊತ್ತುಂಟು ಅಕ್ಕ. ನಿನ್ನ ಮಿಷನ್ ಹತ್ರ ಪಿನ್ ಚುಚ್ಚುವ ದಿಂಬು ನೇರಳೆ ಬಣ್ಣದ್ದೇ ಅಲ್ವಾ? ಜೀರ್ಣ ಆದ ಬಟ್ಟೆಯಲ್ಲಿ ಅಷ್ಟು ಗಟ್ಟಿ ದಿಂಬು ಆಗ್ತದಾ?”

“ಮತ್ತೆ ಯಾಕೆ ಕೇಳ್ಲಿಲ್ಲ ನೀನು?”

“ನೀನೇ ಹೇಳ್ತೀಯಾ ಅಂತ ಕಾಯ್ತಾ ಇದ್ದೆ. ಖಲಾಸ್. ಈಗ ನಂಗೊಂದು ಹೊಲಿ.”

ಗಿರಾಕಿಯದಕ್ಕಿಂತ ಮೊದಲು ಅವನದನ್ನೇ ಹೊಲಿದೆ. ಶುಕ್ರವಾರ ಬಂದು ಹಾಕಿಕೊಂಡವನು ಕುಕ್ಕರಗಾಲಲ್ಲಿ ಕೂತ, ಎದ್ದ, ಅಂಗಡಿಯ ಸ್ಟೂಲು ಹತ್ತಿ ಇಳಿದ. ಬಸ್ ಸ್ಟಾಪಿನ ದಾರಿಯಲ್ಲಿ ಜನ ತಿರುಗಿ ತಿರುಗಿ ನೋಡಿದರು. ಬಿಟ್ಟುಬರಲು ನಾನೂ ಹೋಗಿದ್ದೆ, ಅವನ ಪಕ್ಕದಲ್ಲೇ ನಡೆದೆ.